ಕರೆಂಟ್ ಕೆಲಸದ ಅಪ್ಪನೇ ಹೀರೋ

ಮಕ್ಕಳೇ, ‘ಕಾಂತಾರ’ದ ರಿಷಬ್ ಶೆಟ್ಟಿ ನಿಮಗೆಲ್ಲ ಗೊತ್ತು. ಕೋಣ ಓಡಿಸಿದ ಹಾಗೆ ನಟಿಸಿ ತೋರಿಸುವ ಹುಡುಗರು ನಮ್ಮ ಬನವಾಸಿಯ ಕೇರಿಯಲ್ಲೇ ನಾಲ್ಕಾರು ಮಂದಿ ಇದ್ದಾರೆ. ಅದಕ್ಕೂ ಮೊದಲು ಅವರು ದುಡ್ಡು ಹಾಕಿ ತೆಗೆಸಿದ ‘ಪೆಡ್ರೊ’ ಗೊತ್ತೇ? ಅದರ ನಿರ್ದೇಶಕ ನಟೇಶ್ ಹೆಗಡೆ ನಮ್ಮ ಶಿರಸಿ–ಯಲ್ಲಾಪುರ ಸೀಮೆಯ ಹಳ್ಳಿಯವರು. ಸಿನಿಮಾ ಶಾಲೆಗೆ ಹೋಗಿ ಕಲಿತವರಲ್ಲ. ಮೊದಲು ಕಿರುಚಿತ್ರ ಮಾಡಿ ಕೈ ಪಳಗಿಸಿಕೊಂಡರು. ಅದರಲ್ಲೊಂದು ‘ಕುರ್ಲಿ’, ಅಂದರೆ ಏಡಿ.

ದೊಡ್ಡ ಸಿನಿಮಾಕ್ಕೆ ಹೀರೋ ಯಾರು ಮಾಡಿದರು? ಸ್ವಂತ ಅಪ್ಪನನ್ನೇ! ಗೋಪಾಲ ಹೆಗಡೆಯವರು ನಿಜ ಜೀವನದಲ್ಲಿ ಎಲೆಕ್ಟ್ರಿಷಿಯನ್. ಸಿನಿಮಾದ ಪೆಡ್ರೊನೂ ಅದೇ ಕೆಲಸದವನು. ಅವನಿಂದ ಅಚಾತುರ್ಯವಾಗಿ ಒಂದು ಹಸು ಸಾಯುತ್ತದೆ. ಆಮೇಲೆ ಊರು ಅವನನ್ನು ನೋಡುವ ರೀತಿಯೇ ಬೇರೆ. ನಮ್ಮಲ್ಲಿ ಆಷಾಢದ ಗಾಳಿಗೆ ಮರ ಬಿದ್ದು ತಂತಿ ಹರಿದರೆ ನಾಲ್ಕು ದಿನ ಕತ್ತಲೆ. ಆಗ ಕಂಬ ಹತ್ತುವವನನ್ನು ಕರೆದು ಕೂರಿಸಿ ಚಹ, ಅವಲಕ್ಕಿ ಕೊಡುತ್ತೇವೆ. ದೀಪ ಹತ್ತಿದ ಮೇಲೆ ಅವನ ಹೆಸರೂ ನೆನಪಿರುವುದಿಲ್ಲ. ಅಂಥವನನ್ನು ಪರದೆಯ ನಡುವೆ ನಿಲ್ಲಿಸಿದ್ದೇ ನನಗೆ ದೊಡ್ಡದು.

ಇದು ತೀರಾ ಹೊಸದೇನಲ್ಲ. 1948ರ ಇಟಲಿಯ ‘ಬೈಸಿಕಲ್ ಥೀವ್ಸ್’ ಚಿತ್ರದ ನಾಯಕನ ಪಾತ್ರ ಮಾಡಿದವನು ನಿಜ ಜೀವನದಲ್ಲಿ ಕಾರ್ಖಾನೆಯ ಕೆಲಸಗಾರ. ಘಟ್ಟದ ಮೇಲಿನ ನಮ್ಮ ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರ ನೀನಾಸಂ ಇಂಥ ಹೊರದೇಶದ ಚಿತ್ರಗಳನ್ನು ಅಡಿಕೆ ತೋಟದವರಿಗೆ ತೋರಿಸುತ್ತಿತ್ತು.

ಇನ್ನು ಲೆಕ್ಕದ ಮಾತು. ಬ್ಯಾಂಕಿನ ಕೌಂಟರಿನಲ್ಲಿ ಆಯುಷ್ಯ ಕಳೆದವನಿಗೆ ಅದು ಬಿಡುವುದಿಲ್ಲ ನೋಡಿ. ಪಂಪ್‌ಸೆಟ್ಟಿಗೆ ಸಾಲ ಕೊಡಬಹುದು, ಎಮ್ಮೆಗೂ ಕೊಡಬಹುದು. ಬಾಕಿಯಾದರೆ ಎಮ್ಮೆ ಕಣ್ಣಿಗೆ ಕಾಣುತ್ತದೆ. “ಅಪ್ಪನನ್ನು ಹೀರೋ ಮಾಡಿ ಸಿನಿಮಾ ತೆಗೆಯುತ್ತೇನೆ” ಎಂದು ಬಂದ ಹುಡುಗನಿಗೆ ಯಾವ ಮ್ಯಾನೇಜರ್ ಸಹಿ ಹಾಕಿಯಾನು? ಹಾಗಾಗಿ ನಂಬಿ ದುಡ್ಡು ಹಾಕುವ ಒಬ್ಬರು ಬೇಕೇಬೇಕು.

‘ಪೆಡ್ರೊ’ 2021ರಲ್ಲಿ ದಕ್ಷಿಣ ಕೊರಿಯಾದ ಬುಸಾನ್ ಚಿತ್ರೋತ್ಸವಕ್ಕೆ ಹೋಯಿತು. ಅದೇ ವರ್ಷ ಚೀನಾದ ಪಿಂಗ್ಯಾವೊದಲ್ಲಿ ನಟೇಶರಿಗೆ ಶ್ರೇಷ್ಠ ನಿರ್ದೇಶಕ ಪ್ರಶಸ್ತಿ ಬಂತು. ಮರುವರ್ಷ ಬೆಂಗಳೂರಿನ ಚಿತ್ರೋತ್ಸವದಲ್ಲಿ ಮಾತ್ರ ಅದಕ್ಕೆ ಜಾಗ ಸಿಗಲಿಲ್ಲ. ಹೊರಗಿನವರು ಮೆಚ್ಚಿದ್ದನ್ನೆಲ್ಲ ನಾವೂ ಮೆಚ್ಚಬೇಕೆಂದಿಲ್ಲ, ಸರಿ. ಆದರೆ ನೋಡಿದರಲ್ಲವೇ ಮೆಚ್ಚುವುದು, ಬಿಡುವುದು? ಟಾಕೀಸಿನವರನ್ನೂ ದೂರಲಾರೆ. ನಾಲ್ಕು ಜನರಿಗಾಗಿ ಶೋ ಹಾಕಿದರೆ ಕರೆಂಟ್ ಬಿಲ್ಲೂ ಹುಟ್ಟುವುದಿಲ್ಲ.

ಮೊಮ್ಮಗನಿಗೆ ಇದನ್ನೆಲ್ಲ ಹೇಳಿದೆ. “ಅಜ್ಜಾ, ಅದರಲ್ಲಿ ಫೈಟ್ ಇದ್ದಾ?” ಎಂದು ಕೇಳಿದ. ಇಲ್ಲ ಎಂದೆ. ಸ್ವಲ್ಪ ಹೊತ್ತು ಬಿಟ್ಟು, “ಅವರ ಅಪ್ಪಂಗೆ ನಾಚಿಕೆ ಆಗಲಿಲ್ಲವಾ?” ಎಂದ. ಅದು ಒಳ್ಳೆಯ ಪ್ರಶ್ನೆ.

ನಟೇಶರ ಎರಡನೆಯ ಚಿತ್ರ ‘ವಾಘಾಚಿಪಾಣಿ’. ಅಮರೇಶ ನುಗಡೋಣಿಯವರ ಕಥೆಗಳಿಂದ ಹುಟ್ಟಿದ್ದು, ಅಚ್ಯುತ್ ಕುಮಾರ್ ಇದ್ದಾರೆ. 2025ರ ಫೆಬ್ರವರಿಯಲ್ಲಿ ಬರ್ಲಿನ್ನಿನ ಜನ ಅದನ್ನು ನೋಡಿದರು.