ಜೈಮಿನಿ ಭಾರತವೂ ನಮ್ಮ ಕರಾವಳಿಯೂ

ಟಾಲ್ಕಿನ್ನರ ‘ಲಾರ್ಡ್ ಆಫ್ ದಿ ರಿಂಗ್ಸ್’ 1954-55ರಲ್ಲಿ ಪ್ರಕಟವಾದಂದಿನಿಂದ ಅದ್ಭುತಕಥನಕ್ಕೆ ಅದೇ ಅಳತೆಗೋಲೆಂದು ವಿದ್ಯಾವಂತರು ಹೇಳುತ್ತ ಬಂದಿರುವರು. ಆ ಗ್ರಂಥದ ಹಿರಿಮೆಯನ್ನು ನಾವು ಅಲ್ಲಗಳೆಯುವವರಲ್ಲ. ಆದರೆ ಅಂತಹ ಕಾವ್ಯವು ಜನರ ಬಾಳಿನೊಳಕ್ಕೆ ಎಷ್ಟು ಇಳಿಯಬಲ್ಲುದೆಂಬುದನ್ನು ನೋಡಬಯಸುವವರು ಭಟ್ಕಳದ ಮಾವಿನಕುರ್ವೆಯಿಂದ ಕುಮಟೆಯವರೆಗಿನ ಯಾವುದಾದರೊಂದು ಬಯಲಾಟದ ಮುಂದೆ ಕುಳಿತರೆ ಸಾಕು.

ದೇವನೂರಿನ ಲಕ್ಷ್ಮೀಶನು ವಾರ್ಧಕ ಷಟ್ಪದಿಯಲ್ಲಿ ರಚಿಸಿದ ಜೈಮಿನಿ ಭಾರತದಲ್ಲಿ ಧರ್ಮರಾಯನ ಯಜ್ಞಾಶ್ವವು ಹೊಕ್ಕ ನಾಡೆಲ್ಲವೂ ಸೋಜಿಗವೇ. ಹೆಂಗಸರೇ ಆಳುವ ಪ್ರಮೀಳೆಯ ರಾಜ್ಯ. ಕುದಿಯುವ ಎಣ್ಣೆಯಲ್ಲಿ ಬೇಯದುಳಿದ ಸುಧನ್ವ. ತಂದೆಯನ್ನು ಕೊಂದು, ನಾಗಲೋಕದ ಮಣಿಯಿಂದ ಮತ್ತೆ ಬದುಕಿಸಿಕೊಳ್ಳುವ ಬಭ್ರುವಾಹನ. ಇವನ ಕಥೆಯು 1977ರಲ್ಲಿ ಚಲಚ್ಚಿತ್ರವೂ ಆಯಿತು. ಇವರೆಲ್ಲರಿಗಿಂತಲೂ ನಮ್ಮವನು ಚಂದ್ರಹಾಸ. ಕುಂತಲದ ಮಂತ್ರಿ ದುಷ್ಟಬುದ್ಧಿಯು ಇವನಿಗೆ ವಿಷವನ್ನು ಕೊಡೆಂದು ಮಗನಿಗೆ ಓಲೆ ಬರೆದು ಇವನ ಕೈಯಲ್ಲಿಯೇ ಕಳುಹುತ್ತಾನೆ. ಉದ್ಯಾನದಲ್ಲಿ ಮಲಗಿದವನನ್ನು ಕಂಡು ಮನಸೋತ ಮಂತ್ರಿಯ ಮಗಳು ವಿಷಯೆ, ಆ ಓಲೆಯಲ್ಲಿ ಒಂದಕ್ಷರವನ್ನು ತಿದ್ದಿ ವಿಷವನ್ನು ವಿಷಯೆಯಾಗಿಸುವಳು. ಸುಳ್ಳು ಕಾಗದ ಹೊತ್ತು ಕಚೇರಿಗೆ ಅಲೆದವರಿಗೆ ಈ ಓಲೆಯ ಮರ್ಮವು ಬೇಗನೆ ತಿಳಿಯುವುದು!

ಅಕ್ಷರ ಬಾರದವರಿಗೂ ಈ ಕಥೆಗಳನ್ನು ಮುಟ್ಟಿಸಿದವರು ಭಾಗವತರು, ವೇಷಧಾರಿಗಳು. ಹೊನ್ನಾವರದ ಬಳಿಯ ಗುಣವಂತೆಯಲ್ಲಿ ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಕಟ್ಟಿದ ಇಡಗುಂಜಿ ಮೇಳವು ಇಂದಿಗೂ ನಡೆದಿದೆ. ಆದರೂ ನಮಗೊಂದು ಆತಂಕವುಂಟು. ಆಟವು ರಾತ್ರಿಯಿಡೀ ನಡೆಯುವ ಬದಲು ಕೆಲವು ತಾಸುಗಳ ಕಾಲಮಿತಿಗೆ ಇಳಿದಂತೆಲ್ಲ ಮೊದಲು ಕತ್ತರಿ ಬೀಳುವುದು ಅರ್ಥಗಾರಿಕೆಗೆ. ಕುಣಿತಕ್ಕೆ ಚಪ್ಪಾಳೆಯುಂಟು, ಓಲೆಯನ್ನು ಓದಿದ ಮದನನು ತಂದೆಯ ಮನಸ್ಸನ್ನು ಊಹಿಸುವ ಮಾತಿಗೆ ವೇಳೆಯಿಲ್ಲ. ಕಾವ್ಯವನ್ನು ತಿಳಿಯದ ಪ್ರೇಕ್ಷಕನು ಅದನ್ನು ಕೇಳುವುದೂ ಇಲ್ಲ. ಇದರ ದೋಷವನ್ನು ಕಲಾವಿದರ ತಲೆಗೆ ಕಟ್ಟುವುದು ನ್ಯಾಯವಲ್ಲ. ಮುಂದಿನ ಸಾಲಿನಲ್ಲಿ ಕುಳಿತು ಗಡಿಯಾರ ನೋಡುವ ನಮ್ಮಂಥ ಪಟ್ಟಣಿಗರದೇ ಅದರಲ್ಲಿ ಹೆಚ್ಚಿನ ಪಾಲು.

ಮಳೆಗಾಲದಲ್ಲಿ ಬಯಲಾಟಕ್ಕೆ ಬಿಡುವಿರುತ್ತದೆ. ಹೊನ್ನಾವರ, ಕುಮಟೆ, ಭಟ್ಕಳಗಳ ವಾಚನಾಲಯಗಳು ಆ ತಿಂಗಳುಗಳಲ್ಲಿ ವಾರಕ್ಕೊಂದು ಸಂಜೆ ಗಮಕಿಯೊಬ್ಬರನ್ನು ಕರೆಸಿ, ಜೊತೆಗೆ ಅರ್ಥಧಾರಿಯೊಬ್ಬರನ್ನು ಕೂರಿಸಿ, ಜೈಮಿನಿ ಭಾರತವನ್ನು ಓದಿಸಲಿ. ಖರ್ಚು ಅತ್ಯಲ್ಪ. ಶಾಲೆಯ ಮಕ್ಕಳಿಗೆ ಮುಂದಿನ ಚಾಪೆಯನ್ನು ಬಿಟ್ಟುಕೊಟ್ಟು, ಚಂದ್ರಹಾಸನ ಓಲೆಯಿಂದಲೇ ತೊಡಗಬಹುದು.