ಕಾಗದವಿಲ್ಲದ ಕರೆ

2024ರ ಮೇ 24ರಂದು ಚನ್ನಗಿರಿಯಲ್ಲಿ ನಡೆದುದನ್ನು ದಾವಣಗೆರೆ ಜಿಲ್ಲೆಯವರು ಮರೆತಿರಲಾರರು. ಮಟ್ಕಾ ಆರೋಪದ ಮೇಲೆ ಠಾಣೆಗೆ ಕರೆತರಲಾದ ವ್ಯಕ್ತಿಯೊಬ್ಬರು ಕೆಲವೇ ನಿಮಿಷಗಳಲ್ಲಿ ಅಸ್ವಸ್ಥರಾಗಿ ಮೃತಪಟ್ಟರು. ರೊಚ್ಚಿಗೆದ್ದ ಜನ ಠಾಣೆಗೆ ಕಲ್ಲು ತೂರಿದರು. 11 ಮಂದಿ ಪೊಲೀಸರು ಗಾಯಗೊಂಡರು. ಲಾಕಪ್ ಸಾವೆಂದು ಬಂಧುಗಳು ದೂರಿದರು, ಅನಾರೋಗ್ಯವೆಂದು ಸರ್ಕಾರ ಹೇಳಿತು, ತನಿಖೆ ಸಿಐಡಿಗೆ ಹೋಯಿತು. ಸಾವಿನ ಕಾರಣವನ್ನು ನಿರ್ಣಯಿಸುವುದು ನಮ್ಮ ಕೆಲಸವಲ್ಲ. ಆದರೆ ಡಿವೈಎಸ್ಪಿ ಮತ್ತು ಇನ್ಸ್‌ಪೆಕ್ಟರರನ್ನು ಅಮಾನತುಗೊಳಿಸಿದಾಗ ಮುಖ್ಯಮಂತ್ರಿಗಳು ಕೊಟ್ಟ ಕಾರಣ ಗಮನಾರ್ಹ: ಎಫ್‌ಐಆರ್ ದಾಖಲಿಸದೆ ಆ ವ್ಯಕ್ತಿಯನ್ನು ಠಾಣೆಗೆ ತಂದದ್ದು ತಪ್ಪು.

ಕಾಗದವಿಲ್ಲದ ಈ ಕರೆ ಚನ್ನಗಿರಿಗೆ ಮಾತ್ರ ಸೀಮಿತವಲ್ಲ. ಹೊನ್ನಾಳಿ, ನ್ಯಾಮತಿ, ಜಗಳೂರುಗಳಲ್ಲಿಯೂ ತೋಟದ ಬದುವಿನ ಜಗಳ, ಮನೆಯ ಪಾಲು, ಕೈಸಾಲ ಇವುಗಳಲ್ಲಿ ಒಂದು ಪಕ್ಷದವರು ಠಾಣೆಗೆ ಹೋದರೆ ಇನ್ನೊಬ್ಬರಿಗೆ 'ಸ್ಟೇಷನ್ನಿಗೆ ಬಾ' ಎಂದು ಫೋನ್ ಬರುವುದು ಹಳ್ಳಿಗರಿಗೆ ಹೊಸತಲ್ಲ. ಬೆಳಗಿನಿಂದ ಸಂಜೆಯವರೆಗೆ ಬೆಂಚಿನ ಮೇಲೆ ಕೂರಿಸಿ, ನಾಳೆ ಬಾ ಎನ್ನುವರು. ಅದು ಬಂಧನವೂ ಅಲ್ಲ, ಬಿಡುಗಡೆಯೂ ಅಲ್ಲ. ಹೌದು–ಇಲ್ಲಗಳ ನಡುವೆ ಮೂರನೆಯದಕ್ಕೆ ಎಡೆಯಿಲ್ಲವೆಂದು ತರ್ಕಶಾಸ್ತ್ರದಲ್ಲಿ ಕಲಿತ ನಮಗೆ ಆ ಬೆಂಚು ಇಂದಿಗೂ ಒಗಟು.

ಕಾನೂನಿಗಂತೂ ಅಂಥ ಮೂರನೆಯ ಸ್ಥಿತಿ ಗೊತ್ತಿಲ್ಲ. ಬಂಧನದ ಕ್ರಮಗಳನ್ನು ಡಿ.ಕೆ. ಬಸು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1996ರಲ್ಲಿಯೇ ವಿಧಿಸಿದೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 35ನೆಯ ಕಲಮಿನಂತೆ, ಬಂಧನ ಅಗತ್ಯವಿಲ್ಲದಲ್ಲಿ ಆರೋಪಿಗೆ ನೋಟಿಸು ಕೊಡಬೇಕು. 179ನೆಯ ಕಲಮಿನಂತೆ ಸಾಕ್ಷಿಯನ್ನು ಲಿಖಿತವಾಗಿ ಕರೆಯಬೇಕು. ಸಾಕ್ಷಿ ಹೆಂಗಸಾದರೆ ಅಥವಾ 60 ಮೀರಿದ ಗಂಡಸಾದರೆ ಪೊಲೀಸರೇ ಮನೆಗೆ ಹೋಗಿ ವಿಚಾರಿಸಬೇಕು. ನೋಟಿಸನ್ನು ವಾಟ್ಸ್‌ಆ್ಯಪ್‌ನಲ್ಲಿ ಕಳಿಸಿದರೆ ಸಾಲದೆಂದು 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಇದನ್ನು ಮೀರಿ ಕಿರುಕುಳ ನಡೆದರೆ ಸಂವಿಧಾನದ 226ನೆಯ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ ಸಲ್ಲಿಸಬಹುದು. ಬಂಧನದ ಭಯವಿದ್ದರೆ ಜಿಲ್ಲಾ ಸೆಷನ್ಸ್ ನ್ಯಾಯಾಲಯದಲ್ಲಿ ನಿರೀಕ್ಷಣಾ ಜಾಮೀನು ಕೇಳಬಹುದು. ಇಂಥ ರಿಟ್ ಅರ್ಜಿಗಳಲ್ಲಿ ಹೈಕೋರ್ಟು ಸಾಮಾನ್ಯವಾಗಿ ಕೊಡುವ ಆದೇಶ ಸರಳವಾದುದು: ವಿಚಾರಣೆಯ ನೆಪದಲ್ಲಿ ಕಿರುಕುಳ ಕೊಡಬೇಡಿ, ಕಾನೂನಿನಂತೆ ನಡೆಯಿರಿ. ಇದರಿಂದ ತನಿಖೆಯೇನೂ ನಿಲ್ಲುವುದಿಲ್ಲ. ತಪ್ಪಿತಸ್ಥರೂ ತನಿಖೆಯನ್ನು ಎಳೆದಾಡಲು ಇಂಥ ಅರ್ಜಿ ಹಾಕುವುದುಂಟು. ಅದನ್ನು ನಾವು ಸಮರ್ಥಿಸುವುದಿಲ್ಲ. ಕಲ್ಲೇಟು ತಿಂದ ಪೇದೆಗೂ ಹೆಂಡತಿ ಮಕ್ಕಳಿದ್ದಾರೆ.

ಆದರೆ ನಮ್ಮ ಕಥೋಲಿಕ ಕುಟುಂಬಗಳಲ್ಲಿ ಇನ್ನೊಂದು ಅಭ್ಯಾಸವಿದೆ. ಠಾಣೆಯಿಂದ ಕರೆ ಬಂದೊಡನೆ ವಕೀಲರ ಬದಲು ಗುರುಮನೆಗೆ ಓಡಿಬರುತ್ತಾರೆ: 'ಫಾದರ್, ಇನ್ಸ್‌ಪೆಕ್ಟರಿಗೆ ಒಂದು ಮಾತು ಹೇಳಿ.' ನಾವು ಫೋನ್ ಮಾಡಿದರೆ ಕೆಲಸ ಆಗಲೂಬಹುದು. ಆದರೆ ಅದೇ ಬೆಂಚಿನಲ್ಲಿ ಪಕ್ಕಕ್ಕೆ ಕುಳಿತ, ಗುರುವಾಗಲಿ ಶಾಸಕರಾಗಲಿ ಇಲ್ಲದ ಕೂಲಿಯಾಳು ಅಲ್ಲಿಯೇ ಉಳಿಯುತ್ತಾನೆ. ನಮಗೆ ದೊರೆತದ್ದು ದಾಕ್ಷಿಣ್ಯ; ನಾಳೆ ಅಧಿಕಾರಿ ಬದಲಾದರೆ ಅದೂ ಇಲ್ಲ.

ಫಿಲಿಪ್ಪಿಯಲ್ಲಿ ಸಂತ ಪೌಲರನ್ನೂ ಸೀಲರನ್ನೂ ವಿಚಾರಣೆಯಿಲ್ಲದೆ ಹೊಡೆಸಿ ಸೆರೆಗೆ ಹಾಕಿದ ಅಧಿಕಾರಿಗಳು, ಮರುದಿನ ಸದ್ದಿಲ್ಲದೆ ಬಿಟ್ಟುಬಿಡಿರೆಂದು ಹೇಳಿಕಳಿಸಿದರು. ಪೌಲರು ಒಪ್ಪಲಿಲ್ಲ. ತಾವು ರೋಮಿನ ಪೌರರು, ಅಧಿಕಾರಿಗಳೇ ಬಂದು ಹೊರಗೆ ಕರೆದೊಯ್ಯಲಿ ಎಂದರು. ಅವರು ಬಂದು ಕೇಳಿಕೊಳ್ಳಬೇಕಾಯಿತು. ಮುಂದೆ ಫೆಸ್ತನ ಎದುರು ಚಕ್ರವರ್ತಿಗೇ ಮೇಲ್ಮನವಿ ಸಲ್ಲಿಸಿದವರೂ ಇದೇ ಪೌಲರು. ನ್ಯಾಯಾಲಯಕ್ಕೆ ಹೋಗುವುದು ಕ್ರೈಸ್ತ ಸಹನೆಗೆ ಕುಂದು ಎನ್ನುವ ಹಿರಿಯರು 'ಪ್ರೇಷಿತರ ಕಾರ್ಯಕಲಾಪಗಳು' ಗ್ರಂಥದ 16 ಮತ್ತು 25ನೆಯ ಅಧ್ಯಾಯಗಳನ್ನು ಮತ್ತೊಮ್ಮೆ ಓದಬೇಕು.

ತೊಡಕೆಲ್ಲ ದೂರದ್ದು, ಖರ್ಚಿನದು. ನಮ್ಮ ಜಿಲ್ಲೆಗೆ ಹೈಕೋರ್ಟೆಂದರೆ ಬೆಂಗಳೂರೇ. ಮಹಿಳೆಯರಿಗೆ, ಪರಿಶಿಷ್ಟರಿಗೆ, ಬಡವರಿಗೆ, ಬಂಧನದಲ್ಲಿರುವವರಿಗೆ ಕಾನೂನು ಸೇವೆಗಳ ಪ್ರಾಧಿಕಾರವು ಉಚಿತವಾಗಿ ವಕೀಲರನ್ನು ಒದಗಿಸುತ್ತದೆ. ಜಿಲ್ಲಾ ನ್ಯಾಯಾಲಯದಲ್ಲಿ ವಿಚಾರಿಸಿದರೆ ದಾರಿ ತಿಳಿಯುತ್ತದೆ. ಆದರೆ ಠಾಣೆಗೆ ಹೋದ ದಿನ, ಗಂಟೆ, ಕರೆದವರ ಹೆಸರು, ಫೋನ್ ಬಂದ ಸಂಖ್ಯೆ, ಎಸ್ಪಿಯವರಿಗೆ ಕಳಿಸಿದ ದೂರಿನ ಅಂಚೆ ರಸೀದಿ ಇಲ್ಲದಿದ್ದರೆ ಯಾವ ವಕೀಲರೂ ಗಟ್ಟಿಯಾದ ಅರ್ಜಿ ಬರೆಯಲಾರರು. ಧರ್ಮಕೇಂದ್ರಗಳ ಪಾಲನಾ ಸಮಿತಿಗಳು ಇಷ್ಟನ್ನು ಬರೆದಿಡಲು ಅಕ್ಷರ ಬಾರದವರಿಗೆ ನೆರವಾಗಲಿ, ಬೆಂಗಳೂರಿನ ಬಸ್ ಛಾರ್ಜಿಗೂ ಒಂದಿಷ್ಟು ತೆಗೆದಿಡಲಿ. ನೆರವು ಕೇಳಿ ಬಂದವರು ಯಾವ ಮತದವರೆಂದು ಕೇಳುವ ಅಗತ್ಯವಿಲ್ಲ.