ದತ್ತಣ್ಣನಿಗೆ ಪೋಸ್ಟರ್‌ನಲ್ಲಿ ಜಾಗ ಎಲ್ಲಿ?

ಚಿತ್ರದುರ್ಗದ ಎಚ್.ಜಿ. ದತ್ತಾತ್ರೇಯ ಸಿನಿಮಾಕ್ಕೆ ಬಂದದ್ದು ವಾಯುಪಡೆಯಲ್ಲಿ ಎರಡು ದಶಕ ದುಡಿದ ಮೇಲೆ. ವಿಂಗ್ ಕಮಾಂಡರ್ ಆಗಿದ್ದವರು ನಮಗೆ ದತ್ತಣ್ಣ ಆದರು!

ಪಿ. ಶೇಷಾದ್ರಿ ನಿರ್ದೇಶನದ ‘ಮುನ್ನುಡಿ’ (2000) ಅವರಿಗೆ ಅತ್ಯುತ್ತಮ ಪೋಷಕ ನಟ ರಾಷ್ಟ್ರಪ್ರಶಸ್ತಿ ತಂದಿತು. ‘ಭಾರತ್ ಸ್ಟೋರ್ಸ್’ನಲ್ಲಿ ಮಾಲ್‌ಗಳ ಪೈಪೋಟಿಗೆ ಸಿಕ್ಕ ದಿನಸಿ ಅಂಗಡಿಯವ, 2019ರ ‘ಮಿಷನ್ ಮಂಗಲ್’ನಲ್ಲಿ ನಿವೃತ್ತಿಯ ಅಂಚಿನ ವಿಜ್ಞಾನಿ. ಗದ್ದಲವಿಲ್ಲ, ಅತಿರೇಕವಿಲ್ಲ. ಧಾರಾವಾಹಿಗಳಲ್ಲೂ ಅದೇ ಹದ.

ಇಂಥವರಿಗೆ ನಮ್ಮ ಚಿತ್ರರಂಗ ಕೊಡುವುದೇನು? ಹೆಚ್ಚೆಂದರೆ ನಾಯಕನ ಅಪ್ಪನ ಪಾತ್ರ, ಅದೂ ಮಧ್ಯಂತರಕ್ಕೆ ಮೊದಲೇ ಸಾಯುವ ಅಪ್ಪ. ಅಶ್ವತ್ಥ್, ಬಾಲಕೃಷ್ಣ, ಲೋಕನಾಥ್ ಅವರಿಗಾಗಿ ಒಂದು ಕಾಲದ ಬರಹಗಾರರು ದೃಶ್ಯಗಳನ್ನೇ ಬರೆಯುತ್ತಿದ್ದರು. ಲೋಕನಾಥ್ ‘ಭೂತಯ್ಯನ ಮಗ ಅಯ್ಯು’ವಿನ ಉಪ್ಪಿನಕಾಯಿಯಿಂದಲೇ ಇಂದಿಗೂ ನೆನಪಾಗುತ್ತಾರೆ. ಈಗಿನ ಚಿತ್ರಕಥೆಗಳಿಗೆ ಅಷ್ಟು ಪುರುಸೊತ್ತಿಲ್ಲ, ನಾಯಕನ ಪ್ರವೇಶಕ್ಕೇ ಹತ್ತು ನಿಮಿಷ ಬೇಕು.